ಯುದ್ಧ ವರದಿಗಾರ ಡೈರೆಕ್ಟರ್ ಆದಾಗ ಏನು ಬದಲಾಗುತ್ತದೆ? (ಚೆರ್ನೋವ್‌ರಿಂದ ಶುರು ಮಾಡೋಣ)

ನೆರಳುಬೆಳಕು

'20 ಡೇಸ್ ಇನ್ ಮರಿಯುಪೋಲ್' ಮತ್ತೆ ನೋಡಿದೆ. ಮೊದಲು ನೋಡಿದಾಗ ವಿಷಯವೇ ಎಷ್ಟು ಭಾರವಾಗಿತ್ತು ಅಂದರೆ ಸಿನಿಮಾ ಹೇಗೆ ಕಟ್ಟಿದ್ದಾರೆ ಅಂತ ಗಮನಿಸೋಕೇ ಆಗಿರಲಿಲ್ಲ. ಈ ಸಲ ಅದನ್ನೇ ನೋಡಿದೆ.

ಗೊತ್ತಿಲ್ಲದವರಿಗೆ ಹಿನ್ನೆಲೆ. ಇದರ ನಿರ್ದೇಶಕ ಮಿಸ್ತಿಸ್ಲಾವ್ ಚೆರ್ನೋವ್ ಎಪಿ ಸುದ್ದಿಸಂಸ್ಥೆಯ ವಿಡಿಯೋ ವರದಿಗಾರ. ಊರು ಉಕ್ರೇನಿನ ಖಾರ್ಕಿವ್. ರಷ್ಯಾ ಗಡಿ ಅಲ್ಲಿಂದ 30 ಚಿಲ್ಲರೆ ಕಿಲೋಮೀಟರ್ ಅಷ್ಟೇ. ಇರಾಕ್, ಅಫ್ಘಾನಿಸ್ತಾನ, ನಗೊರ್ನೊ ಕರಬಾಖ್ ಎಲ್ಲ ಸುತ್ತಿ ಬಂದವರು. 2022ರ ಫೆಬ್ರವರಿ 24ರ ನಸುಕಿನಲ್ಲಿ ಫೋಟೋಗ್ರಾಫರ್ ಎವ್ಗೆನಿ ಮಲೊಲೆಟ್ಕಾ ಜೊತೆ ಉಕ್ರೇನಿನದೇ ಬಂದರು ನಗರ ಮರಿಯುಪೋಲ್ ತಲುಪಿದರು. ಸುಮಾರು ಒಂದು ಗಂಟೆಯಲ್ಲಿ ರಷ್ಯಾ ದಾಳಿ ಮಾಡಿ ಯುದ್ಧ ಶುರುವಾಯಿತು. ದಾರಿಯಲ್ಲಿ ಸ್ಟೆಪ್ನಿ ಇಲ್ಲ ಅಂತ ನೆನಪಾಗಿ, ಮಧ್ಯರಾತ್ರಿ ಟೈರ್ ಮಾರುವವನೊಬ್ಬನನ್ನು ಆನ್‌ಲೈನ್‌ನಲ್ಲಿ ಹುಡುಕಿದರಂತೆ. 'ಯುದ್ಧಕ್ಕೆ ತಯಾರಾಗುತ್ತಿದ್ದೇವೆ' ಅಂದಾಗ ಅವನು ಇವರನ್ನು ಹುಚ್ಚರನ್ನು ನೋಡಿದ ಹಾಗೆ ನೋಡಿದ ಅಂತ ಚೆರ್ನೋವ್ ಆಮೇಲೆ ಬರೆದಿದ್ದಾರೆ.

ನನ್ನ ಪ್ರಶ್ನೆ ಇಷ್ಟೇ. ಮಾರ್ಚ್ 9ರ ಹೆರಿಗೆ ಆಸ್ಪತ್ರೆ ಬಾಂಬ್ ದಾಳಿ, ಕಂದಕದಲ್ಲಿ ಸಾಲಾಗಿ ಹೆಣ ಇಳಿಸುವುದು, ಇವೆಲ್ಲ ಆಗಲೇ ಜಗತ್ತಿನ ಎಲ್ಲ ಟಿವಿಯಲ್ಲೂ ಬಂದಿದ್ದವು. ಆ ಕೆಲಸಕ್ಕೆ 2023ರಲ್ಲಿ ಅಮೆರಿಕದ ಪತ್ರಿಕೋದ್ಯಮ ಪ್ರಶಸ್ತಿ ಪುಲಿಟ್ಜರ್ ಕೂಡ ಬಂತು. ಅದೇ ಫೂಟೇಜ್ ಇಟ್ಟುಕೊಂಡು ಸಿನಿಮಾ ಮಾಡಿದಾಗ ಹೊಸದಾಗಿ ಏನು ಸಿಕ್ಕಿತು? ಸುದ್ದಿಯ ಉದ್ದನೆಯ ಆವೃತ್ತಿ ಅಷ್ಟೇನಾ?

ಕಟ್‌ಟುಕಟ್

ನಾನು ಸುದ್ದಿ ವಾಹಿನಿಯ ಎಡಿಟಿಂಗ್ ಡೆಸ್ಕ್‌ನಲ್ಲಿ ಇದ್ದವನು, ಹಾಗಾಗಿ ಬಾಯಿ ಹಾಕುತ್ತೇನೆ.

ಏಜೆನ್ಸಿ ಫೂಟೇಜ್ ನಮ್ಮ ಕೈಗೆ ಬರುವುದು ಹೇಗೆ ಅಂದರೆ, ಒಂದೆರಡು ನಿಮಿಷದ ತುಂಡು, ಜೊತೆಗೆ ಶಾಟ್‌ಲಿಸ್ಟ್. ಯಾವ ಶಾಟ್‌ನಲ್ಲಿ ಏನಿದೆ, ಯಾರು ಏನು ಹೇಳಿದರು, ಎಲ್ಲಿ, ಯಾವ ದಿನ. ಅದರಲ್ಲಿ ನಾವು 20 ಸೆಕೆಂಡ್ ಎತ್ತಿಕೊಂಡು ಮೇಲೆ ವಾಯ್ಸ್ ಓವರ್ ಹಾಕುತ್ತೇವೆ. ಕ್ಯಾಮೆರಾ ಹಿಡಿದವನು ಅದರಲ್ಲಿ ಇರಲೇಬಾರದು. ಅವನ ಉಸಿರು, ಅವನ ಮಾತು, ಕ್ಯಾಮೆರಾ ಅಲುಗಾಡಿದ್ದು, ಎಲ್ಲ ಕತ್ತರಿಸುತ್ತೇವೆ.

ಈಗ ಈ ಸಿನಿಮಾದ ಮೊದಲ ದಿನದ ದೃಶ್ಯ ನೆನಪಿಸಿಕೊಳ್ಳಿ. ಒಬ್ಬ ಹೆಂಗಸು ಬೀದಿಯಲ್ಲಿ ಅಳುತ್ತಾ, ಎಲ್ಲಿಗೆ ಹೋಗಲಿ ಅಂತ ಕೇಳುತ್ತಾಳೆ. ಚೆರ್ನೋವ್ 'ಮನೆಗೆ ಹೋಗಿ, ನಾಗರಿಕರ ಮೇಲೆ ಅವರು ಗುಂಡು ಹಾರಿಸಲ್ಲ' ಅನ್ನುತ್ತಾರೆ. ಅದು ಸುಳ್ಳಾಗುತ್ತದೆ. ಆಮೇಲೆ ಆಕೆ ಒಂದು ಆಶ್ರಯ ತಾಣದಲ್ಲಿ ಸಿಗುತ್ತಾಳೆ. ಅವಳ ಮನೆಗೂ ಶೆಲ್ ಬಿದ್ದಿದೆ. ಚೆರ್ನೋವ್ ಅವಳ ಹತ್ತಿರ ಕ್ಷಮೆ ಕೇಳುತ್ತಾರೆ.

ಯಾವ ಬುಲೆಟಿನ್‌ನಲ್ಲೂ ಈ ದೃಶ್ಯಕ್ಕೆ ಜಾಗ ಇಲ್ಲ. ನಮ್ಮ ಡೆಸ್ಕ್‌ನಲ್ಲಂತೂ ಮೊದಲು ಹಾರುವುದೇ ಇದು. ಸಿನಿಮಾದಲ್ಲಿ ಮಾತ್ರ ಇದೇ ಬುನಾದಿ. ವರದಿಗಾರನಿಗೂ ಗೊತ್ತಿಲ್ಲ, ಅವನ ಮಾತು ನಂಬಿದವರು ಕೆಟ್ಟರು ಅನ್ನುವುದನ್ನು ಮೊದಲ ಹತ್ತು ನಿಮಿಷದಲ್ಲೇ ಹೇಳಿಬಿಡುತ್ತದೆ. ಮುಂದೆ ಅವರು ತೋರಿಸುವುದನ್ನು ನಾವು ಇನ್ನೂ ಜಾಸ್ತಿ ನಂಬುತ್ತೇವೆ, ಅಲ್ವಾ?

ಇನ್ನೊಂದು ಚಾಲಾಕಿ ಕೆಲಸ ಗಮನಿಸಿದಿರಾ? ಒಂದು ಘಟನೆಯನ್ನು ಪೂರ್ತಿ ಹರಿಯಲು ಬಿಡುತ್ತಾರೆ. ತಕ್ಷಣ ಅದೇ ಶಾಟ್ ಬೇರೆ ಬೇರೆ ದೇಶದ ಚಾನೆಲ್‌ಗಳಲ್ಲಿ ತುಂಡಾಗಿ ಬರುವುದನ್ನು ತೋರಿಸುತ್ತಾರೆ, ನಿರೂಪಕರ ಧ್ವನಿ ಸಮೇತ. ನಾವು ಡೆಸ್ಕ್‌ನವರು ಏನು ಮಾಡುತ್ತೇವೆ ಅಂತ ನಮ್ಮ ಮುಖಕ್ಕೇ ಹಿಡಿದ ಹಾಗಿತ್ತು.

ಮೂರನೇಸಾಲು

ನನಗೆ ಇದರಲ್ಲಿ ಒಂದು ಕಿರಿಕಿರಿ ಇದೆ, ಹೇಳಿಬಿಡುತ್ತೇನೆ. ಮಗು ಸತ್ತ ಅಪ್ಪ ಅಳುತ್ತಿದ್ದಾನೆ, ಕ್ಯಾಮೆರಾ ಅಲ್ಲೇ ನಿಂತಿದೆ. ಸುದ್ದಿಗಾದರೆ ಸರಿ, ಜಗತ್ತಿಗೆ ಗೊತ್ತಾಗಬೇಕು. ಸಿನಿಮಾಗೆ ಯಾಕೆ? ಟಿಕೆಟ್, ಚಿತ್ರೋತ್ಸವ, ಕೆಂಪು ಕಾರ್ಪೆಟ್, ಪ್ರಶಸ್ತಿ. ಬೇರೆಯವರ ಸಾವಿನ ಮೇಲೆ ತನ್ನ ವೃತ್ತಿ ಕಟ್ಟಿಕೊಳ್ಳುವುದು ಅಂತಲೇ ನನಗೆ ಕಾಣುತ್ತದೆ.

ನೆರಳುಬೆಳಕು

@ಮೂರನೇಸಾಲು ನಿಮ್ಮ ಪ್ರಶ್ನೆ ಅವರಿಗೂ ಇದೆ. 2024ರ ಮಾರ್ಚ್‌ನಲ್ಲಿ ಉಕ್ರೇನಿಗೆ ಮೊದಲ ಆಸ್ಕರ್ ತಂದ ಸಿನಿಮಾ ಇದು. ವೇದಿಕೆ ಮೇಲೆ ನಿಂತು ಚೆರ್ನೋವ್ ಹೇಳಿದ್ದು, ಈ ಸಿನಿಮಾ ಮಾಡುವ ಪರಿಸ್ಥಿತಿಯೇ ಬರಬಾರದಿತ್ತು, ಹಾಗೆ ಹೇಳುವ ಮೊದಲ ನಿರ್ದೇಶಕ ಬಹುಶಃ ನಾನೇ ಅಂತ. ರಷ್ಯಾ ಉಕ್ರೇನ್ ಮೇಲೆ ದಾಳಿಯನ್ನೇ ಮಾಡದ ಹಾಗಾಗುವುದಾದರೆ ಈ ಪ್ರಶಸ್ತಿ ವಾಪಸ್ ಕೊಟ್ಟುಬಿಡುತ್ತೇನೆ ಅಂದರು.

ಮೂರನೇಸಾಲು

ಭಾಷಣ ಚೆನ್ನಾಗಿದೆ. ನನ್ನ ಪ್ರಶ್ನೆಗೆ ಉತ್ತರ ಅಲ್ಲ.

ಕಟ್‌ಟುಕಟ್

ಉತ್ತರ ಸಿನಿಮಾದ ಒಳಗೇ ಇದೆ ಅಂತ ನನ್ನ ವಾದ. ಆಸ್ಪತ್ರೆಯಲ್ಲಿ ಡಾಕ್ಟರೇ ಚಿತ್ರೀಕರಿಸಿ ಅನ್ನುತ್ತಾರೆ, ಈ ಮಗುವಿನ ಕಣ್ಣು ಪುಟಿನ್‌ಗೆ ತೋರಿಸಿ ಅಂತ ಕೂಗುತ್ತಾರೆ. ಇನ್ನೊಂದು ಕಡೆ ಜನ ಇವರನ್ನು ಕೆಟ್ಟ ಮಾತಲ್ಲಿ ಬೈದು ಓಡಿಸುತ್ತಾರೆ. ಎರಡನ್ನೂ ಇಟ್ಟಿದ್ದಾರೆ. ಬೈಗುಳವನ್ನು ಕತ್ತರಿಸೋದು ಸುಲಭ ಇತ್ತು.

ಆಮೇಲೆ ಸುದ್ದಿಗೆ ಇನ್ನೊಂದು ಕೊರತೆ ಇದೆ. ಹೆರಿಗೆ ಆಸ್ಪತ್ರೆಯ ವಿಡಿಯೋ ಹೊರಬಂದ ಕೂಡಲೇ ರಷ್ಯಾದ ಅಧಿಕಾರಿಗಳು ಇದು ನಾಟಕ, ಇವರೆಲ್ಲ ನಟರು ಅಂದರು. 20 ಸೆಕೆಂಡಿನ ತುಂಡನ್ನು ನಾಟಕ ಅನ್ನುವುದು ಸಲೀಸು. ಆ ತುಂಡಿನ ಹಿಂದೆ ಏನಾಯಿತು, ಮುಂದೆ ಏನಾಯಿತು, ಯಾವ ವಾರ್ಡಿಗೆ ಹೋದರು, ಆಮೇಲೆ ಆ ಗರ್ಭಿಣಿಯರನ್ನು ಹೇಗೆ ಹುಡುಕಿದರು, ಇದೆಲ್ಲ ಒಟ್ಟಿಗೆ ಇಟ್ಟಾಗ ಹಾಗೆ ಅನ್ನುವುದು ಕಷ್ಟ. ಹಾಗಾಗಿ ಅದು ಸುದ್ದಿಯ ಉದ್ದನೆಯ ಆವೃತ್ತಿ ಅಲ್ಲ, ಸುದ್ದಿಯ ಸಾಕ್ಷಿ.

ಹಳೇರೀಲು

ಒಳ್ಳೆ ಥ್ರೆಡ್. ಒಂದು ಮಾತು ಯಾರೂ ಎತ್ತಲಿಲ್ಲ. ಈ ಸಿನಿಮಾ ಇರುವುದೇ ಹಾರ್ಡ್ ಡಿಸ್ಕ್ ಹೊರಗೆ ಬಂದದ್ದಕ್ಕೆ.

ಊರಲ್ಲಿ ಕರೆಂಟ್ ಇಲ್ಲ, ನೆಟ್‌ವರ್ಕ್ ಇಲ್ಲ. ಒಂದು ದಿನಸಿ ಅಂಗಡಿ ಹತ್ತಿರದ ಮೆಟ್ಟಿಲ ಕೆಳಗೆ ಮಾತ್ರ ಸ್ವಲ್ಪ ಸಿಗ್ನಲ್ ಬರುತ್ತಿತ್ತು. ದಿನಕ್ಕೊಮ್ಮೆ ಅಲ್ಲಿಗೆ ಹೋಗಿ ಮುದುಡಿ ಕೂತು ಕಳಿಸುತ್ತಿದ್ದರು. ಮಾರ್ಚ್ ಮೊದಲ ವಾರದಲ್ಲಿ ಅದೂ ಹೋಯಿತು. ಚಿತ್ರೀಕರಿಸಿದ್ದು ಸುಮಾರು 30 ಗಂಟೆ, ಆಗ ಹೊರಗೆ ಹೋದದ್ದು ಅದರ ಒಂದು ಚೂರು. ಉಳಿದದ್ದೆಲ್ಲ ಜೊತೆಗೇ ಇತ್ತು. ಆಸ್ಪತ್ರೆಯನ್ನು ರಷ್ಯಾದ ಟ್ಯಾಂಕುಗಳು ಸುತ್ತುವರಿದಾಗ ಡಾಕ್ಟರ ಬಟ್ಟೆ ಹಾಕಿಕೊಂಡು ಕೂತಿದ್ದರು. ಉಕ್ರೇನ್ ಸೈನಿಕರು ಬಂದು ಹೊರಗೆ ಎಳೆದುಕೊಂಡು ಹೋದರು. ಯಾಕೆ ಅಷ್ಟು ಕಷ್ಟಪಟ್ಟರು ಅಂದರೆ, ಸಿಕ್ಕಿಬಿದ್ದರೆ ಇವರ ಬಾಯಿಂದಲೇ 'ನಾವು ತೆಗೆದಿದ್ದೆಲ್ಲ ಸುಳ್ಳು' ಅಂತ ಹೇಳಿಸುತ್ತಾರೆ ಅಂತ ಪೊಲೀಸ್ ಅಧಿಕಾರಿಯೊಬ್ಬರು ವಿವರಿಸಿದರಂತೆ. ಮಾರ್ಚ್ 15ರಂದು ಒಂದು ಕುಟುಂಬದ ಕಾರಿನಲ್ಲಿ ತುಂಬಿಕೊಂಡು, 15 ರಷ್ಯನ್ ಚೆಕ್‌ಪೋಸ್ಟ್ ದಾಟಿದರು.

ಈಗ ಇದರ ಉಲ್ಟಾ ಕಥೆ ಕೇಳಿ. ಪಿಯರ್ ಶೋಂಡೋರ್ಫರ್. ಹೆಸರು ನಾಲಿಗೆಗೆ ಕಷ್ಟ, ಆದರೆ ಈ ಇಡೀ ದಾರಿಗೆ ಇವರೇ ಹಿರಿಯಣ್ಣ ಅಂತ ನನ್ನ ಅಭಿಪ್ರಾಯ. ಹುಟ್ಟಿದ್ದು 1928. ಸಿನಿಮಾ ಮಾಡಬೇಕು ಅಂತ ಆಸೆ, ಒಳಗೆ ಬಿಟ್ಟುಕೊಳ್ಳುವವರಿಲ್ಲ. ಫ್ರೆಂಚ್ ಸೈನ್ಯದ ಚಿತ್ರೀಕರಣ ವಿಭಾಗ ಸೇರಿ ಇಂಡೋಚೈನಾ (ಈಗಿನ ವಿಯೆಟ್ನಾಂ, ಲಾವೋಸ್, ಕಾಂಬೋಡಿಯಾ) ಯುದ್ಧಕ್ಕೆ ಹೋದರು. 1954ರಲ್ಲಿ ವಿಯೆಟ್ನಾಂನ ಫ್ರೆಂಚ್ ಸೇನಾ ನೆಲೆ ದಿಯೆನ್ ಬಿಯೆನ್ ಫು ಮುತ್ತಿಗೆಯಲ್ಲಿದ್ದಾಗ ಪ್ಯಾರಾಚೂಟ್‌ನಲ್ಲಿ ಅಲ್ಲಿಗೆ ಇಳಿದರು. ಮೇ 7ಕ್ಕೆ ಕೋಟೆ ಬಿತ್ತು. ಅವರಿಗೆ 26 ತುಂಬಿ ಎರಡು ದಿನ ಆಗಿತ್ತು. ಶತ್ರು ಕೈಗೆ ಹೋಗಬಾರದು ಅಂತ ಕ್ಯಾಮೆರಾ ಹಾಳುಮಾಡಿದರು, ರೀಲುಗಳನ್ನೂ ನಾಶ ಮಾಡಿದರು. ಬಚ್ಚಿಟ್ಟುಕೊಂಡ ಕೆಲವು ರೀಲು ಸೆರೆಯಾದಾಗ ಕೈತಪ್ಪಿದವು. ಆಮೇಲೆ ನಾಲ್ಕು ತಿಂಗಳು, ಫ್ರೆಂಚರ ವಿರುದ್ಧ ಹೋರಾಡುತ್ತಿದ್ದ ವಿಯೆತ್ ಮಿನ್‌ನ ಸೆರೆ ಶಿಬಿರ. ಅಲ್ಲಿಗೆ ಹೋದವರಲ್ಲಿ ಬಹಳ ಜನ ವಾಪಸ್ ಬರಲಿಲ್ಲ.

ಬಿಡುಗಡೆ ಆದ ಮೇಲೆ ಸೈನ್ಯ ಬಿಟ್ಟು ಪತ್ರಿಕೆಗಳಿಗೆ ಯುದ್ಧ ವರದಿಗಾರನಾಗಿ ಕೆಲಸ ಮಾಡಿದರು. ಸಿನಿಮಾಗೆ ಬಂದದ್ದು ಅದಾದ ಮೇಲೆ. ದಿಯೆನ್ ಬಿಯೆನ್ ಫು ಬೀಳುವ ಹೊತ್ತಿನಲ್ಲೇ ಕಾಡಿನಲ್ಲಿ ಹಿಂದೆ ಸರಿಯುವ ಒಂದು ಸಣ್ಣ ತುಕಡಿಯ ಕಥೆಯನ್ನು ಕಾದಂಬರಿಯಾಗಿ ಬರೆದು, ಅದನ್ನೇ 1965ರಲ್ಲಿ 'ಲಾ 317ಎಮ್ ಸೆಕ್ಸಿಯೋಂ' ಅಂತ ಸಿನಿಮಾ ಮಾಡಿದರು. ನಾಲ್ವರು ಫ್ರೆಂಚರು, ಉಳಿದವರು ಲಾವೋಸಿನ ಸೈನಿಕರು. ಕಾನ್ ಚಿತ್ರೋತ್ಸವದಲ್ಲಿ ಚಿತ್ರಕಥೆಗೆ ಪ್ರಶಸ್ತಿ ಬಂತು.

ನೋಡಿ, ಚೆರ್ನೋವ್ ಕೈಯಲ್ಲಿ ಫೂಟೇಜ್ ಉಳಿಯಿತು, ಸಾಕ್ಷ್ಯಚಿತ್ರ ಆಯಿತು. ಶೋಂಡೋರ್ಫರ್ ಕೈಯಲ್ಲಿ ಏನೂ ಉಳಿಯಲಿಲ್ಲ, ಅದಕ್ಕೆ ಕಥಾಚಿತ್ರ ಬೇಕಾಯಿತು. ಕಳೆದುಕೊಂಡ ರೀಲನ್ನೇ ಜೀವಮಾನವಿಡೀ ಮತ್ತೆ ಮತ್ತೆ ತೆಗೆದರು ಅಂತ ನನಗೆ ಅನಿಸುತ್ತದೆ. 1992ರಲ್ಲಿ, 60 ದಾಟಿದ ಮೇಲೆ, ವಿಯೆಟ್ನಾಂಗೇ ಹೋಗಿ 'ದಿಯೆನ್ ಬಿಯೆನ್ ಫು' ಅನ್ನುವ ಹೆಸರಲ್ಲೇ ದೊಡ್ಡ ಸಿನಿಮಾ ಮಾಡಿದರು. ನನಗೆ ಅದು ಅಷ್ಟು ಹಿಡಿಸಲಿಲ್ಲ. ಕಪ್ಪುಬಿಳುಪಿನ ಆ ಸಣ್ಣ ಸಿನಿಮಾದ ಮುಂದೆ ಇದು ಬರೀ ಗದ್ದಲ.

ಸ್ಟಿಲ್‌ಫ್ರೇಮ್

@ಹಳೇರೀಲು ಸೂಪರ್ ಗುರು. ಒಂದು ಸೇರಿಸುತ್ತೇನೆ. ಆ 1965ರ ಚಿತ್ರದ ಕ್ಯಾಮೆರಾಮನ್ ರಾವುಲ್ ಕುತಾರ್ ಕೂಡ ಇಂಡೋಚೈನಾದಲ್ಲಿ ಫೋಟೋಗ್ರಾಫರ್ ಆಗಿದ್ದವರು. ಫ್ರೆಂಚ್ ಹೊಸ ಅಲೆಯ ಗೊದಾರ್ ಸಿನಿಮಾಗಳ ಕ್ಯಾಮೆರಾ ಇದೇ ಕುತಾರ್‌ದು. ಅಫ್ಘಾನಿಸ್ತಾನದಲ್ಲಿ ಶೋಂಡೋರ್ಫರ್ ಜೊತೆ ಮಾಡಿದ ಮೊದಲ ಚಿತ್ರದ ನಿರ್ಮಾಪಕರೇ ಆಮೇಲೆ ಗೊದಾರ್‌ಗೂ ನಿರ್ಮಾಪಕರಾದರು. ಪ್ಯಾರಿಸ್ ಬೀದಿಯಲ್ಲಿ ಕ್ಯಾಮೆರಾ ಕೈಯಲ್ಲೇ ಹಿಡಿದು, ಇದ್ದ ಬೆಳಕಲ್ಲೇ ತೆಗೆಯುವ ಆ ಶೈಲಿ ಇದೆಯಲ್ಲ, ಅದನ್ನು ಎಲ್ಲರೂ ಕಲೆ ಅಂತಾರೆ. ಕುತಾರ್‌ಗೆ ಅದು ಹಳೇ ಕೆಲಸದ ಅಭ್ಯಾಸ. ಯುದ್ಧಭೂಮಿಯಲ್ಲಿ ಟ್ರೈಪಾಡ್ ಹಾಕಿ ಲೈಟ್ ಹೊಂದಿಸೋಕೆ ಯಾರು ಬಿಡುತ್ತಾರೆ?

ಹಳೇರೀಲು

ನಿಜ. ಆ ಚಿತ್ರದ ಶೂಟಿಂಗ್ ಕಾಂಬೋಡಿಯಾದ ಕಾಡಿನಲ್ಲಿ ನಡೆಯಿತು, ಸಣ್ಣ ತಂಡ. ನಟರನ್ನೂ ಸೈನಿಕರ ಹಾಗೆಯೇ ಇರಿಸಿದ್ದರು. ನೋಡುವಾಗ ಗೊತ್ತಾಗುತ್ತದೆ. ಅವರು ನಡೆಯುವ ರೀತಿಯಲ್ಲೇ ಸುಸ್ತು ಇದೆ. ಗುಂಡಿನ ಕಾಳಗ ಕಡಿಮೆ, ನಡಿಗೆ ಜಾಸ್ತಿ, ಕಾಯುವುದು ಇನ್ನೂ ಜಾಸ್ತಿ. ಯುದ್ಧ ಕಂಡವರು ಮಾಡಿದ ಸಿನಿಮಾಗಳಲ್ಲಿ ಇದೊಂದು ಸಾಮಾನ್ಯ ಗುಣ ಅನ್ನಬಹುದೇನೋ.

ಮಳೆಬಿಲ್ಲು22

ಹಾಗಾದರೆ ಆ ಕೈತಪ್ಪಿದ ರೀಲುಗಳು ಏನಾದವು? ಯಾರಿಗೆ ಸಿಕ್ಕವು?

ಹಳೇರೀಲು

ಸೋವಿಯತ್ ಕ್ಯಾಮೆರಾಮನ್ ರೋಮನ್ ಕಾರ್ಮೆನ್ ಕೈ ಸೇರಿದವು ಅಂತ ಶೋಂಡೋರ್ಫರ್ ಬಗ್ಗೆ ಬರೆದವರು ಹೇಳುತ್ತಾರೆ. ಕಾರ್ಮೆನ್ ಬೇರೆಯೇ ದೊಡ್ಡ ಅಧ್ಯಾಯ. ಸ್ಪೇನ್ ಅಂತರ್ಯುದ್ಧ, ಲೆನಿನ್‌ಗ್ರಾಡ್ ಮುತ್ತಿಗೆ, ಸ್ಟಾಲಿನ್‌ಗ್ರಾಡ್, ನ್ಯೂರೆಂಬರ್ಗ್ ವಿಚಾರಣೆ, ಎಲ್ಲ ಕಡೆ ಇದ್ದ ಮನುಷ್ಯ. 1954ರಲ್ಲಿ ವಿಯೆಟ್ನಾಂಗೆ ಬಂದರು. ಆಗಲೇ ದಿಯೆನ್ ಬಿಯೆನ್ ಫು ಮುಗಿದುಹೋಗಿತ್ತು. ಏನು ಮಾಡಿದರು? ಯುದ್ಧದ ದೃಶ್ಯಗಳನ್ನು ಮತ್ತೆ ಆಡಿಸಿ ತೆಗೆದರು. ಫ್ರೆಂಚ್ ದಂಡನಾಯಕನ ಬಂಕರ್ ಮೇಲೆ ಬಾವುಟ ಹಾರಿಸುವ ಆ ಪ್ರಸಿದ್ಧ ದೃಶ್ಯ ಇದೆಯಲ್ಲ, ಅದು ಆಮೇಲೆ ತೆಗೆದದ್ದು. ನಿಜವಾದ ಕೈದಿಗಳನ್ನೇ ಕ್ಯಾಮೆರಾ ಮುಂದೆ ನಡೆಸಿದರು.

ಮೂರನೇಸಾಲು

ಇದು ನನ್ನ ಕಡೆಯ ಮಾತು ನೋಡಿ. ಸಿನಿಮಾ ಅಂದ ಕೂಡಲೇ ಚೆಂದದ ಶಾಟ್ ಬೇಕು ಅನಿಸುತ್ತದೆ. ಚೆಂದದ ಶಾಟ್ ಬೇಕು ಅಂದರೆ ಕೈದಿಗಳನ್ನು ಇನ್ನೊಮ್ಮೆ ನಡೆಸೋಕೂ ಮನಸ್ಸು ಬರುತ್ತದೆ.

ಕಟ್‌ಟುಕಟ್

ಈ ಒಂದು ಮಾತು ಒಪ್ಪುತ್ತೇನೆ. ಈಗಿನ ಏಜೆನ್ಸಿಗಳಲ್ಲಿ 'ಇನ್ನೊಂದು ಸಲ ಮಾಡಿ' ಅಂತ ಹೇಳಿದರೆ ಕೆಲಸ ಹೋಗುತ್ತದೆ. ಆ ಶಿಸ್ತು ಇಟ್ಟುಕೊಂಡೇ ಸಿನಿಮಾಗೆ ಬಂದದ್ದು ಚೆರ್ನೋವ್‌ಗೆ ಒಳ್ಳೆಯದಾಯಿತು. ಆದರೆ ಎಡಿಟಿಂಗ್ ಅಂತೂ ಇದೆ. ಅವರ ಎಡಿಟರ್ ಮಿಶೆಲ್ ಮಿಜ್ನರ್, ಅಮೆರಿಕದ 'ಫ್ರಂಟ್‌ಲೈನ್' ಸಾಕ್ಷ್ಯಚಿತ್ರ ಸರಣಿಯ ತಂಡದವರು. ಅಲ್ಲಿದ್ದವರಿಗೆ ಪ್ರತಿ ಶಾಟ್ ಮೇಲೂ ಒಂದು ಋಣ ಇರುತ್ತದೆ. ಯಾವುದನ್ನು ಬಿಡಬೇಕು ಅಂತ ಹೇಳೋಕೆ ಅಲ್ಲಿ ಇಲ್ಲದವರೊಬ್ಬರು ಬೇಕು. ಡೆಸ್ಕ್‌ನಲ್ಲಿ ಕೂತು ನಾನು ಕಲಿತದ್ದು ಏನಾದರೂ ಇದ್ದರೆ ಇದೇ.

ಸ್ಟಿಲ್‌ಫ್ರೇಮ್

ನಾನು ಫೋಟೋ ಕಡೆಯವನು, ಹಾಗಾಗಿ ಟಿಮ್ ಹೆದರಿಂಗ್ಟನ್ ಬಗ್ಗೆ ಬರೆಯದೆ ಹೋದರೆ ನಿದ್ದೆ ಬರಲ್ಲ.

ಬ್ರಿಟಿಷ್ ಫೋಟೋಗ್ರಾಫರ್, ಹುಟ್ಟಿದ್ದು 1970. 2003ರಲ್ಲಿ ಲೈಬೀರಿಯಾ ಅಂತರ್ಯುದ್ಧದಲ್ಲಿ ಬಂಡುಕೋರರ ಜೊತೆಗಿದ್ದು ಕೆಲಸ ಮಾಡಿದರು. 2007ರಲ್ಲಿ ಬರಹಗಾರ ಸೆಬಾಸ್ಟಿಯನ್ ಯೂಂಗರ್ ಜೊತೆ ಅಫ್ಘಾನಿಸ್ತಾನದ ಕೊರೆಂಗಾಲ್ ಕಣಿವೆಗೆ ಹೋದರು. ಅಮೆರಿಕದ 173ನೇ ಏರ್‌ಬೋರ್ನ್ ಸೇನಾ ದಳದ ಒಂದು ಪ್ಲಟೂನ್ (ಸಣ್ಣ ತುಕಡಿ) ಅಲ್ಲಿತ್ತು. ಪತ್ರಿಕೆಗೆ ಲೇಖನ ಅಂತ ಹೋದದ್ದು. ವರ್ಷವಿಡೀ ಹೋಗಿ ಬಂದು ಮಾಡಿದ್ದರಿಂದ 'ರೆಸ್ಟ್ರೆಪೋ' ಸಾಕ್ಷ್ಯಚಿತ್ರ ಹುಟ್ಟಿತು. 2010ರಲ್ಲಿ ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ದೊಡ್ಡ ಪ್ರಶಸ್ತಿ ಬಂತು, ಮರುವರ್ಷ ಆಸ್ಕರ್ ನಾಮನಿರ್ದೇಶನ.

ಅಲ್ಲಿ ಒಂದು ಕಾರ್ಯಾಚರಣೆಯಲ್ಲಿ ಟಿಮ್ ಕಾಲು ಮುರಿಯಿತು. ಮುರಿದ ಕಾಲಲ್ಲೇ ರಾತ್ರಿ ಬೆಟ್ಟ ಇಳಿದರು. ತಾನು ನಿಂತರೆ ಇಡೀ ಸಾಲು ನಿಲ್ಲಬೇಕಾಗುತ್ತದೆ, ಅದಕ್ಕೆ. ಸೈನಿಕರು ಇವರನ್ನು ತಮ್ಮವನು ಅಂತ ಒಪ್ಪಿಕೊಂಡಿದ್ದು ಹೀಗೆ.

ಕೊರೆಂಗಾಲ್‌ನಲ್ಲೇ ಅವರು ತೆಗೆದ ಫೋಟೋ ಸಾಲು ಒಂದಿದೆ, ನಿದ್ದೆ ಮಾಡುವ ಸೈನಿಕರದ್ದು. ಗುಂಡಿನ ಕಾಳಗದ ಫೋಟೋಗಿಂತ ನನಗೆ ಅದೇ ಹೆಚ್ಚು. ಬಂದೂಕು ಇಲ್ಲ, ಹೆಲ್ಮೆಟ್ ಇಲ್ಲ. ಬಾಯಿ ಅರ್ಧ ತೆರೆದು, ಕೈ ತೊಡೆ ಸಂದಿಗೆ ಸಿಕ್ಕಿಸಿ ಮಲಗಿದ್ದಾರೆ. ಎಲ್ಲ ಹುಡುಗರು. ಇದನ್ನು ಸುದ್ದಿಗೆ ಯಾರು ಕೇಳುತ್ತಾರೆ? ಸುದ್ದಿಗೆ ಬೇಡ ಅನಿಸಿದ್ದನ್ನು ತೆಗೆಯಲು ಶುರು ಮಾಡಿದ ದಿನವೇ ಈ ಮನುಷ್ಯ ಡೈರೆಕ್ಟರ್ ಆದದ್ದು ಅಂತ ನನ್ನ ಲೆಕ್ಕ. 'ರೆಸ್ಟ್ರೆಪೋ'ದಲ್ಲೂ ನಿರೂಪಕ ಇಲ್ಲ, ಜನರಲ್‌ಗಳ ಸಂದರ್ಶನ ಇಲ್ಲ. ಸೈನಿಕರು ಇಟಲಿಯ ನೆಲೆಗೆ ವಾಪಸಾದ ಮೇಲೆ ಅವರ ಮುಖ ಹತ್ತಿರದಿಂದ ತೆಗೆದ ಸಂದರ್ಶನಗಳು, ಉಳಿದದ್ದೆಲ್ಲ ಕಣಿವೆ.

2011ರ ಏಪ್ರಿಲ್ 20ರಂದು ಲಿಬಿಯಾದ ಮಿಸ್ರಾಟಾದಲ್ಲಿ ಸ್ಫೋಟಕ್ಕೆ ಸಿಕ್ಕು ತೀರಿಕೊಂಡರು, ಜೊತೆಗೆ ಫೋಟೋಗ್ರಾಫರ್ ಕ್ರಿಸ್ ಹಾಂಡ್ರೋಸ್ ಕೂಡ. ಟಿಮ್‌ಗೆ 40 ವರ್ಷ. ಆಸ್ಕರ್ ಸಮಾರಂಭ ಆಗಿ ಎರಡು ತಿಂಗಳೂ ಆಗಿರಲಿಲ್ಲ.

ಮೂರನೇಸಾಲು

'ರೆಸ್ಟ್ರೆಪೋ' ನೋಡಿದ್ದೇನೆ. ಒಳ್ಳೆಯ ಸಿನಿಮಾ, ಅದರಲ್ಲಿ ಎರಡು ಮಾತಿಲ್ಲ. ಆದರೆ ಆ ಹಸುವಿನ ದೃಶ್ಯ ನೆನಪಿದೆಯಾ? ಸೈನಿಕರ ಮುಳ್ಳುತಂತಿಗೆ ಹಳ್ಳಿಯವರ ಹಸು ಸಿಕ್ಕಿಕೊಳ್ಳುತ್ತದೆ, ಸೈನಿಕರು ಕೊಂದು ತಿನ್ನುತ್ತಾರೆ. ಹಿರಿಯರು ಬೆಟ್ಟ ಹತ್ತಿ ಬಂದು ದುಡ್ಡು ಕೇಳುತ್ತಾರೆ. ದುಡ್ಡು ಕೊಡಲ್ಲ, ಹಸುವಿನ ತೂಕದಷ್ಟು ಅಕ್ಕಿ, ಬೇಳೆ, ಸಕ್ಕರೆ ಕೊಡುತ್ತೇವೆ ಅಂತಾರೆ. ಮುದುಕರು ಮುಖ ನೋಡಿಕೊಂಡು ಎದ್ದು ಹೋಗುತ್ತಾರೆ. ಕ್ಯಾಮೆರಾ ಅವರ ಹಿಂದೆ ಹೋಗುವುದಿಲ್ಲ. ಹೋಗೋಕೆ ಆಗುವುದೂ ಇಲ್ಲ, ಯಾಕೆಂದರೆ ವರದಿಗಾರರು ಸೈನ್ಯದ ಅನ್ನ ತಿನ್ನುತ್ತಾ ಸೈನ್ಯದ ಗೋಡೆಯ ಈಚೆ ಇದ್ದಾರೆ. ಆ ಮುದುಕರ ಮನೆಯಲ್ಲಿ ಅವತ್ತು ಸಂಜೆ ಏನು ಮಾತಾಯಿತು ಅನ್ನುವುದೇ ನನಗೆ ಬೇಕಿದ್ದ ಸಿನಿಮಾ.

ಸ್ಟಿಲ್‌ಫ್ರೇಮ್

ನ್ಯಾಯವಾದ ಮಾತು. ಅವರೂ ಇದು ಸೈನಿಕರ ಕಣ್ಣಿನ ಸಿನಿಮಾ ಅಂತಲೇ ಹೇಳಿಕೊಂಡಿದ್ದರು. ಆದರೂ ಆ ದೃಶ್ಯ ಕತ್ತರಿಸದೆ ಇಟ್ಟಿದ್ದಕ್ಕೇ ಅಲ್ವಾ ನೀವು ಈಗ ಹೀಗೆ ಕೇಳುತ್ತಿರುವುದು?

ನೆರಳುಬೆಳಕು

ಇದಕ್ಕೆ ಸಿಗುವ ಉತ್ತರ ವಾದ್ ಅಲ್ ಕತೀಬ್ ಅವರ 'ಫಾರ್ ಸಾಮಾ' (2019). ಸಿರಿಯಾದ ಅಲೆಪ್ಪೋ ಮುತ್ತಿಗೆಯಲ್ಲಿ ಅಲ್ಲೇ ಬದುಕುತ್ತಾ, ಮದುವೆಯಾಗಿ, ಮಗು ಹೆತ್ತು, ಬ್ರಿಟನ್ನಿನ ಚಾನೆಲ್ 4ಕ್ಕೆ ವರದಿ ಕಳಿಸುತ್ತಿದ್ದವರು. ಗಂಡ ಅಲ್ಲೇ ಡಾಕ್ಟರ್. ಸಿನಿಮಾವನ್ನು ಮಗಳಿಗೆ ಹೇಳುವ ಮಾತಿನ ಹಾಗೆ ಕಟ್ಟಿದ್ದಾರೆ. ಚೆರ್ನೋವ್ ಕೂಡ ಒಂದು ಅರ್ಥದಲ್ಲಿ ಹಾಗೆಯೇ. ಅವರು ತೋರಿಸುತ್ತಿರುವುದು ಅವರದೇ ದೇಶ. ಆಸ್ಪತ್ರೆಯ ಡಾಕ್ಟರ್ ಕೂಗಿದಾಗ ಅನುವಾದಕ ಬೇಕಿಲ್ಲ. ಹೋಗಿ ಬರುವ ವರದಿಗಾರನಿಗೂ ಅಲ್ಲೇ ಇರುವವನಿಗೂ ಇರುವ ಫರಕು ಇದು.

ಹೊಸಬ2003

ಎಲ್ಲರಿಗೂ ನಮಸ್ಕಾರ. ನಾನು ಪತ್ರಿಕೋದ್ಯಮ ಓದುತ್ತಿದ್ದೇನೆ. ಇವರೆಲ್ಲರ ಹಾಗೆ ಆಗಬೇಕು ಅಂತ ಆಸೆ. ಮೊದಲು ವರದಿಗಾರನಾಗಿ ಆಮೇಲೆ ಸಿನಿಮಾಗೆ ಹೋಗುವುದು ಒಳ್ಳೆಯದಾ, ನೇರವಾಗಿ ಸಾಕ್ಷ್ಯಚಿತ್ರಕ್ಕೇ ಹೋಗಬಹುದಾ? ದಯವಿಟ್ಟು ನಗಬೇಡಿ.

ಕಟ್‌ಟುಕಟ್

ಯಾರೂ ನಗಲ್ಲ ತಮ್ಮಾ. ಮೊದಲು ಒಂದು ಡೆಸ್ಕ್‌ನಲ್ಲಿ ಕೂತು ಬೇರೆಯವರ ಫೂಟೇಜ್ ಎಡಿಟ್ ಮಾಡು. ಯಾವ ಶಾಟ್ ಇಲ್ಲದೆ ಪರದಾಡುತ್ತೇವೆ ಅಂತ ಅಲ್ಲಿ ಗೊತ್ತಾಗುತ್ತದೆ. ಫೀಲ್ಡ್‌ಗೆ ಹೋದಾಗ ಆ ಶಾಟ್ ತೆಗೆಯುತ್ತೀಯಾ.

ಸ್ಟಿಲ್‌ಫ್ರೇಮ್

ಎಡಿಟಿಂಗ್‌ಗಿಂತ ಮೊದಲು ಪ್ರಥಮ ಚಿಕಿತ್ಸೆ ಕಲಿ. ತಮಾಷೆ ಅಲ್ಲ. ಹೆದರಿಂಗ್ಟನ್‌ಗೆ ತೊಡೆಯ ಹತ್ತಿರ ಚೂರು ಹೊಕ್ಕಿತ್ತು. ಆಸ್ಪತ್ರೆ ಸೇರುವ ಮುಂಚೆ ರಕ್ತ ಹರಿದುಹೋಗಿಯೇ ಸತ್ತರು. ಸುತ್ತ ಇದ್ದವರಿಗೆ ರಕ್ತ ನಿಲ್ಲಿಸುವುದು ಗೊತ್ತಿದ್ದರೆ ಉಳಿಯುತ್ತಿದ್ದರೇನೋ ಅನ್ನುವುದು ಯೂಂಗರ್‌ರನ್ನು ಕಾಡಿತು. ಅದಕ್ಕೇ ಅವರು ರಿಸ್ಕ್ ಅನ್ನುವ ಸಂಸ್ಥೆ ಕಟ್ಟಿದರು. ಯುದ್ಧಕ್ಕೆ ಹೋಗುವ ಫ್ರೀಲ್ಯಾನ್ಸ್ ವರದಿಗಾರರಿಗೆ ಜೊತೆಗಾರರ ಜೀವ ಉಳಿಸುವುದನ್ನು ಕಲಿಸುತ್ತದೆ. ಫ್ರೀಲ್ಯಾನ್ಸ್ ಅಂತ ಯಾಕೆ ಒತ್ತಿ ಹೇಳಿದೆ ಅಂದರೆ, ದೊಡ್ಡ ಸಂಸ್ಥೆಯಲ್ಲಿ ಇದ್ದರೆ ತರಬೇತಿ, ವಿಮೆ, ಕರೆದುಕೊಂಡು ಬರೋಕೆ ಜನ ಇರುತ್ತಾರೆ. ಒಬ್ಬನೇ ಹೋದರೆ ಯಾರೂ ಇಲ್ಲ.

ಹಳೇರೀಲು

ನಾನು ಇನ್ನೊಂದು ದಾರಿ ಹೇಳುತ್ತೇನೆ. ಬರೆಯೋದನ್ನು ಕಲಿ. ಶೋಂಡೋರ್ಫರ್ ಕಾದಂಬರಿಕಾರ, ಯೂಂಗರ್ ಬರಹಗಾರ, ಚೆರ್ನೋವ್ ಕಾದಂಬರಿ ಬರೆದಿದ್ದಾರೆ. ಮರಿಯುಪೋಲ್ ಸಿನಿಮಾಗೆ ಹಿನ್ನೆಲೆ ಮಾತು ಅವರದೇ. ಆ ಮಾತುಗಳನ್ನು ಮಾತ್ರ ಕೇಳಿ ನೋಡು. ಎಲ್ಲೂ ದನಿ ಏರಿಸಿಲ್ಲ, ಎಲ್ಲೂ ವಿಶೇಷಣ ಪೇರಿಸಿಲ್ಲ.

ಮಳೆಬಿಲ್ಲು22

ಮಾರ್ಕ್ ಬೋಲ್ ಇವರ ಸಾಲಿಗೆ ಬರುತ್ತಾರಾ? ಇರಾಕಿನಲ್ಲಿ ಬಾಂಬ್ ನಿಷ್ಕ್ರಿಯ ತಂಡದ ಜೊತೆಗಿದ್ದು ವರದಿ ಮಾಡಿ, ಆಮೇಲೆ 'ದಿ ಹರ್ಟ್ ಲಾಕರ್' ಚಿತ್ರಕಥೆ ಬರೆದವರು.

ಮೂರನೇಸಾಲು

ಬರುತ್ತಾರೆ, ನನ್ನ ವಾದಕ್ಕೆ ಸಾಕ್ಷಿಯಾಗಿ. ಅವರು ಬರೆದದ್ದು ತನ್ನ ಬದುಕು ಅಂತ ಒಬ್ಬ ಸಾರ್ಜೆಂಟ್ ಕೋರ್ಟಿಗೆ ಹೋದ. ಕೇಸು ಬಿದ್ದುಹೋಯಿತು. ಮೇಲ್ಮನವಿಯಲ್ಲೂ, ಇದು ವಾಕ್ ಸ್ವಾತಂತ್ರ್ಯದ ಒಳಗೇ ಬರುತ್ತದೆ ಅಂತ ತೀರ್ಪಾಯಿತು. ಕಾನೂನು ಸರಿ. ಆದರೆ ವರದಿಗಾರ ಅಂತ ನಂಬಿ ಎದೆ ಬಿಚ್ಚಿ ಮಾತಾಡಿದವನಿಗೆ, ನಾಳೆ ಇದು ಸಿನಿಮಾ ಆಗುತ್ತದೆ ಅಂತ ಯಾರೂ ಹೇಳಿರಲ್ಲ.

ಕಟ್‌ಟುಕಟ್

ಇದಕ್ಕೆ ನನ್ನ ಹತ್ತಿರ ಎದುರುತ್ತರ ಇಲ್ಲ. ಮರಿಯುಪೋಲ್ ಜನಕ್ಕೂ ಕ್ಯಾಮೆರಾ ಮುಂದೆ ನಿಂತಾಗ ಸಿನಿಮಾ ಅಂತ ಗೊತ್ತಿರಲಿಲ್ಲ, ಚೆರ್ನೋವ್‌ಗೇ ಗೊತ್ತಿರಲಿಲ್ಲ. ಫರಕು ಅಂದರೆ ಅವರು ಹೇಳಿದ್ದನ್ನು ಅವರ ಬಾಯಲ್ಲೇ ಬಿಟ್ಟಿದ್ದಾರೆ, ನಟನ ಬಾಯಿಗೆ ಹಾಕಿಲ್ಲ.

ನೆರಳುಬೆಳಕು

ಈಗ ಚೆರ್ನೋವ್‌ರ ಮುಂದಿನ ಸಿನಿಮಾಗೆ ಬರೋಣ. '2000 ಮೀಟರ್ಸ್ ಟು ಆಂದ್ರಿವ್ಕಾ'. 2025ರ ಸನ್‌ಡಾನ್ಸ್‌ನಲ್ಲಿ ನಿರ್ದೇಶನಕ್ಕೆ ಪ್ರಶಸ್ತಿ ಬಂತು. 2023ರ ಉಕ್ರೇನ್ ಪ್ರತಿದಾಳಿ. ಬಖ್ಮುತ್ ಹತ್ತಿರ ಒಂದು ಹಳ್ಳಿ. ಅಲ್ಲಿಗೆ ಹೋಗಲು ಎರಡೂ ಕಡೆ ನೆಲಬಾಂಬ್ ಹುಗಿದ ಹೊಲಗಳ ನಡುವೆ ಮರಗಳ ಒಂದು ಕಿರಿದಾದ ಪಟ್ಟಿ, ಎರಡು ಕಿಲೋಮೀಟರ್ ಉದ್ದ. ಕಾರಲ್ಲಿ ಎರಡು ನಿಮಿಷದ ದಾರಿ, ತಿಂಗಳುಗಟ್ಟಲೆ ಹಿಡಿಯುತ್ತದೆ. ಚೆರ್ನೋವ್ ಮತ್ತು ಎಪಿಯ ಅಲೆಕ್ಸ್ ಬಾಬೆಂಕೊ ತುಕಡಿಯ ಜೊತೆ ಹೋದರು.

ಇಲ್ಲಿ ನನಗೆ ಹೊಸದಾಗಿ ಕಂಡದ್ದು, ಬಹಳಷ್ಟು ಕಾಳಗ ಸೈನಿಕರ ಹೆಲ್ಮೆಟ್ ಕ್ಯಾಮೆರಾದಿಂದಲೇ ಬಂದಿದೆ. ವರದಿಗಾರ ತೆಗೆದದ್ದಲ್ಲ. ಹಾಗಾದರೆ ಡೈರೆಕ್ಟರ್ ಅಂದರೆ ಯಾರು?

ಸ್ಟಿಲ್‌ಫ್ರೇಮ್

ಹೆಲ್ಮೆಟ್ ಕ್ಯಾಮೆರಾಗೆ ಮುಖ ಕಾಣುವುದಿಲ್ಲ, ಅದೇ ಅದರ ದೊಡ್ಡ ಕೊರತೆ. ಯಾರು ಹಾಕಿಕೊಂಡಿದ್ದಾನೋ ಅವನ ಕೈ, ಬಂದೂಕಿನ ತುದಿ, ಓಡುವ ನೆಲ, ಅಷ್ಟೇ. ಗುಂಡಿ ಒಳಗೆ ಕೂತ ಹುಡುಗನ ಪಕ್ಕ ಕೂತು, ಮನೆಯಲ್ಲಿ ಯಾರಿದ್ದಾರೆ, ಸಿಗರೇಟು ಬಿಡುತ್ತೀಯಾ ಅಂತ ಮಾತಾಡಿಸುವುದು ಇದೆಯಲ್ಲ, ಅದು ಚೆರ್ನೋವ್ ಕೆಲಸ. ಆ ಮಾತು ಹರಿಯುತ್ತಿರುವಾಗಲೇ, ಕೆಲವು ತಿಂಗಳ ನಂತರ ಈ ಹುಡುಗ ಸತ್ತ ಅಂತ ಅವರ ಧ್ವನಿ ಬರುತ್ತದೆ. ಹುಡುಗ ಇನ್ನೂ ನಗುತ್ತಿದ್ದಾನೆ.

ಮೂರನೇಸಾಲು

ಅದನ್ನು ನೋಡೋಕೆ ನನಗೆ ಧೈರ್ಯ ಇಲ್ಲ. ಹಳ್ಳಿ ಸಿಕ್ಕಿತಾ ಕೊನೆಗೆ?

ನೆರಳುಬೆಳಕು

2023ರ ಸೆಪ್ಟೆಂಬರ್‌ನಲ್ಲಿ ಸಿಕ್ಕಿತು. ಬಾವುಟ ಹಾರಿಸಲು ನೆಟ್ಟಗೆ ನಿಂತ ಒಂದು ಗೋಡೆಗಾಗಿ ಹುಡುಕಾಡಬೇಕು, ಹಾಗಾಗಿದೆ ಊರು. ಆಮೇಲೆ ಮತ್ತೆ ರಷ್ಯಾದ ಪಾಲಾಯಿತು. ಸಿನಿಮಾದಲ್ಲೇ ಅದನ್ನೂ ಹೇಳುತ್ತಾರೆ.

ಹಳೇರೀಲು

@ಹೊಸಬ2003 ನೋಡುವುದಾದರೆ ನನ್ನ ಕ್ರಮ ಇದು. ಮೊದಲು 1965ರ ಶೋಂಡೋರ್ಫರ್, ಆಮೇಲೆ ಅವರದೇ 'ದಿ ಆಂಡರ್ಸನ್ ಪ್ಲಟೂನ್'. ವಿಯೆಟ್ನಾಂನಲ್ಲಿ 1966ರಲ್ಲಿ ಅಮೆರಿಕದ ಒಂದು ತುಕಡಿ ಜೊತೆ ಆರು ವಾರ ಇದ್ದು ತೆಗೆದದ್ದು, ಅದಕ್ಕೂ ಆಸ್ಕರ್ ಬಂತು. ತುಕಡಿಯ ನಾಯಕ ಕಪ್ಪು ಜನಾಂಗದ ಯುವ ಲೆಫ್ಟಿನೆಂಟ್ ಆಂಡರ್ಸನ್. 'ರೆಸ್ಟ್ರೆಪೋ' ಅದರ ಮೊಮ್ಮಗ ಅನ್ನಬಹುದು. ಎರಡೂ ನೋಡಿ ಬಂದು ಬರೆ, ನಮ್ಮ ಜಗಳ ಮುಂದುವರಿಸೋಣ. ಮರಿಯುಪೋಲ್ ರಾತ್ರಿ ಒಬ್ಬನೇ ಕೂತು ನೋಡಬೇಡ.

ಹೊಸಬ2003

ಧನ್ಯವಾದ ಸರ್. ಎಡಿಟಿಂಗ್ ಡೆಸ್ಕ್‌ನಲ್ಲಿ ಇಂಟರ್ನ್‌ಶಿಪ್‌ಗೆ ಹಾಕುತ್ತೇನೆ. @ಕಟ್‌ಟುಕಟ್ ಸರ್, ಶಾಟ್‌ಲಿಸ್ಟ್ ಹೇಗೆ ಬರೆಯುತ್ತಾರೆ ಅಂತ ಒಂದು ಮಾದರಿ ಹಾಕುತ್ತೀರಾ?

ಕಟ್‌ಟುಕಟ್

ಹಾಕುತ್ತೇನೆ, ಬೇರೆ ಥ್ರೆಡ್‌ನಲ್ಲಿ. ಇಲ್ಲಿ ಹಾಕಿದರೆ ಮೂರನೇಸಾಲು ಅವರು ಅದಕ್ಕೂ ತಗಾದೆ ತೆಗೆಯುತ್ತಾರೆ.

ಮೂರನೇಸಾಲು

ಖಂಡಿತ ತೆಗೆಯುತ್ತೇನೆ. ಲಿಂಕ್ ಕೊಡಿ.